ಸತ್ಯಾಂಶ: ಸುಧಾ ಮೂರ್ತಿ ತರಕಾರಿ ಮಾರುತ್ತಾರೆಯೇ?

ಸುತ್ತ ತರಕಾರಿ ರಾಶಿ, ನಡುವೆ ಕುಳಿತ ಸುಧಾ ಮೂರ್ತಿ. ‘ಅಹಂಕಾರ ಕಳೆಯಲು ವರ್ಷಕ್ಕೊಂದು ದಿನ ತರಕಾರಿ ಮಾರುತ್ತಾರೆ’ ಎಂಬ ಒಕ್ಕಣೆಯೊಂದಿಗೆ ಈ ಫೋಟೊ 2020ರಲ್ಲಿ ವಾಟ್ಸ್ಆ್ಯಪ್ ತುಂಬ ಓಡಾಡಿತು.

ಅದು ಅಂಗಡಿಯಲ್ಲ, ಬೆಂಗಳೂರು ಜಯನಗರದ ರಾಯರ ಮಠ. ಆರಾಧನೆಯ ಮೂರು ದಿನ ಅವರು ಅಲ್ಲಿ ಸೇವೆಗೆ ನಿಲ್ಲುತ್ತಾರೆ; ತರಕಾರಿ ಹೆಚ್ಚುತ್ತಾರೆ, ಉಗ್ರಾಣ ನೋಡಿಕೊಳ್ಳುತ್ತಾರೆ. ಮಾರಾಟದ ಮಾತೇ ಇಲ್ಲ. ಹೊಗಳುವ ಸುಳ್ಳನ್ನು ಯಾರೂ ಪರೀಕ್ಷಿಸುವುದಿಲ್ಲ, ಅದೇ ತೊಂದರೆ.

ಕಟ್ಟುಕಥೆಯ ಅಗತ್ಯವಾದರೂ ಏನಿತ್ತು? ಶಿಗ್ಗಾವಿಯಲ್ಲಿ ಹುಟ್ಟಿ, ಹುಬ್ಬಳ್ಳಿಯ ಬಿ.ವಿ.ಬಿ. ಕಾಲೇಜಿನಲ್ಲಿ ಎಂಜಿನಿಯರಿಂಗ್ ಓದಿದ ಈ ಲೇಖಕಿ, ‘ಮಹಿಳೆಯರು ಅರ್ಜಿ ಹಾಕಬೇಕಿಲ್ಲ’ ಎಂದಿದ್ದ ಟೆಲ್ಕೊ (ಇಂದಿನ ಟಾಟಾ ಮೋಟರ್ಸ್) ಜಾಹೀರಾತು ಕಂಡು ಸಿಟ್ಟಾಗಿ ಜೆ.ಆರ್.ಡಿ. ಟಾಟಾ ಅವರಿಗೇ ಪೋಸ್ಟ್‌ಕಾರ್ಡ್ ಬರೆದರು. ಸಂದರ್ಶನಕ್ಕೆ ಕರೆ ಬಂತು, ಕೆಲಸವೂ ಸಿಕ್ಕಿತು.