ಡ್ರಾಕುಲಾನ ಊರಿನ ಪಬ್ ಯಜಮಾನ

ಬ್ರಿಟನ್ನಿನ ಹ್ಯಾಮರ್ ಕಂಪನಿಯ ಹಳೇ ದೆವ್ವದ ಸಿನಿಮಾಗಳ ಹುಚ್ಚು ನನಗೆ. ಡ್ರಾಕುಲಾ ಆಗುವ ಕ್ರಿಸ್ಟೋಫರ್ ಲೀ, ಅವನನ್ನು ಬೇಟೆಯಾಡುವ ಪೀಟರ್ ಕುಶಿಂಗ್‌ಗಾಗಿ ನೋಡಲು ಕೂತವನು ನಾಲ್ಕೈದು ಸಿನಿಮಾ ಆಗುವಷ್ಟರಲ್ಲಿ ಬೇರೆ ಮುಖಕ್ಕೆ ಕಾಯತೊಡಗಿದೆ. ಗಿಡ್ಡ ಆಳು, ದುಂಡು ಮುಖ, ಎರಡು ರಾತ್ರಿ ನಿದ್ದೆಗೆಟ್ಟಂಥ ಕಣ್ಣು, ಒಡಕು ದನಿ. ಒಂದರಲ್ಲಿ ಪಬ್ ಯಜಮಾನ, ಇನ್ನೊಂದರಲ್ಲಿ ಕುದುರೆಗಾಡಿ ಹೊಡೆಯುವವನು, ಮತ್ತೊಂದರಲ್ಲಿ ಪೊಲೀಸು. ಹೆಸರು ಮೈಕಲ್ ರಿಪ್ಪರ್. ಹ್ಯಾಮರ್‌ನ 30ಕ್ಕೂ ಹೆಚ್ಚು ಚಿತ್ರಗಳಲ್ಲಿದ್ದಾನೆ. ಲೀಯೂ ಅಷ್ಟರಲ್ಲಿಲ್ಲ, ಕುಶಿಂಗೂ ಇಲ್ಲ. (ಏಕವಚನ ಸಲುಗೆಯಿಂದ ಬಂದದ್ದು, ಬೈಯಬೇಡಿ.)

ಆ ದನಿಗೊಂದು ಕತೆಯಿದೆ. 1913ರಲ್ಲಿ ಪೋರ್ಟ್ಸ್‌ಮತ್‌ನಲ್ಲಿ ಹುಟ್ಟಿದ ರಿಪ್ಪರ್ ಮೊದಲು ನಾಟಕದವನು, ಜೊತೆಗೆ ಸಣ್ಣಪುಟ್ಟ ಸಿನಿಮಾ. 1952ರಲ್ಲಿ ಥೈರಾಯ್ಡ್ ಆಪರೇಷನ್ ಆದಮೇಲೆ ದನಿ ಏರಲೇ ಇಲ್ಲ. ಕೊನೇ ಸಾಲಿಗೆ ಕೇಳಿಸದ ನಟನನ್ನು ನಾಟಕದವರು ಕಟ್ಟಿಕೊಂಡು ಏನು ಮಾಡ್ತಾರೆ? ಮೈಕು ಹತ್ತಿರವಿರುವ ಸಿನಿಮಾವೇ ಗತಿಯಾಯಿತು.

ನನ್ನ ತಕರಾರು ಇಷ್ಟೇ: ಹ್ಯಾಮರ್ ಬಗ್ಗೆ ಬರೆಯುವವರು ಇವನನ್ನು 'ಎಲ್ಲ ಸಿನಿಮಾದಲ್ಲೂ ಬಂದುಹೋಗುವ ಮುದ್ದು ಮನುಷ್ಯ' ಅಂತ ಒಂದು ಸಾಲಿನಲ್ಲಿ ಮುಗಿಸುತ್ತಾರೆ. ನನ್ನ ಪ್ರಕಾರ ಭಯ ಇರೋದೇ ಇವನ ಮುಖದಲ್ಲಿ. ಲೀ ಎಷ್ಟೇ ಗಂಭೀರವಾಗಿ ನಿಂತರೂ ಅದು ಕರಿ ಕೇಪ್ ಹೊದ್ದ ಆರಡಿ ಐದಿಂಚಿನ ಮನುಷ್ಯ. ಆದರೆ 1959ರ 'ದಿ ಮಮ್ಮಿ'ಯಲ್ಲಿ ಕದ್ದು ಬೇಟೆಯಾಡುವ ರಿಪ್ಪರ್ ಕಾಡಿನಲ್ಲಿ ಆ ಬಟ್ಟೆ ಸುತ್ತಿದ ಹೆಣ ನಡೆದು ಹೋಗೋದು ಕಂಡು ದಿಗಿಲುಬೀಳುತ್ತಾನಲ್ಲ, ಆಗ ನಾನೂ ನಂಬಿದೆ. ಇಂಗ್ಲಿಷಿನ 'ಕ್ಯಾರೆಕ್ಟರ್ ಆಕ್ಟರ್'ಗಿಂತ ನಮ್ಮ 'ಪೋಷಕ ನಟ' ಅನ್ನೋ ಮಾತೇ ಇವನಿಗೆ ಒಪ್ಪುತ್ತದೆ. ಆ ದೆವ್ವಗಳನ್ನೆಲ್ಲ ಸಾಕಿದವನು ಇವನು.

1965ರಲ್ಲಿ ನಿರ್ದೇಶಕ ಜಾನ್ ಗಿಲ್ಲಿಂಗ್, ದುಡ್ಡು ಉಳಿಸೋಕೆ, ಥೇಮ್ಸ್ ದಂಡೆಯ ಬ್ರೇ ಸ್ಟುಡಿಯೋದಲ್ಲಿ ಒಂದೇ ಹಳ್ಳಿ ಸೆಟ್ ಇಟ್ಟುಕೊಂಡು ಒಂದರ ಹಿಂದೊಂದು ಎರಡು ಸಿನಿಮಾ ತೆಗೆದ. 'ಪ್ಲೇಗ್ ಆಫ್ ದ ಜಾಂಬೀಸ್'ನಲ್ಲಿ ರಿಪ್ಪರ್ ಪೊಲೀಸು. ರಾತ್ರಿ ಸ್ಮಶಾನದಲ್ಲಿ ಗೋರಿ ಅಗೆಯೋರನ್ನು ಹಿಡಿಯುತ್ತಾನೆ. 'ದಿ ರೆಪ್ಟೈಲ್'ನಲ್ಲಿ ಅದೇ ಹಳ್ಳಿ, ಅದೇ ರಿಪ್ಪರ್, ಈ ಸಲ ಪಬ್ ಯಜಮಾನ, ಸಲಿಕೆ ಹಿಡಿದು ಗೋರಿ ಅಗೆಯೋನು ಇವನೇ! ಎರಡನ್ನೂ ಒಂದೇ ರಾತ್ರಿ ನೋಡಿ ಗಹಗಹಿಸಿ ನಕ್ಕಿದ್ದೇನೆ. ಆದರೆ ನೋಡುವಾಗ ಮಾತ್ರ ಆ ಪೊಲೀಸು ಬೇರೆ, ಈ ಪಬ್ಬಿನವನು ಬೇರೆ. ಮೀಸೆ ಟೋಪಿಯಿಂದ ಆದ ವ್ಯತ್ಯಾಸ ಅಲ್ಲ ಅದು.

ಹೊಟ್ಟೆ ಕಿವುಚಿದ್ದು 1967ರ 'ದಿ ಮಮ್ಮೀಸ್ ಶ್ರೌಡ್'. ದುಡ್ಡಿನ ಮದದ ಯಜಮಾನನ ಕೆಳಗೆ ಕೈಕಟ್ಟಿ ನಿಲ್ಲುವ ಲಾಂಗ್‌ಬ್ಯಾರೋ ಅನ್ನೋ ಗುಮಾಸ್ತ. ಈಜಿಪ್ಟ್ ಸಾಕಾಗಿದೆ, ಇಂಗ್ಲೆಂಡಿಗೆ ಹೋಗಿ ಸೇರಿದರೆ ಸಾಕು. ಬೈಗುಳ ತಿಂದಾಗ ಒಂದು ನಗು ನಗುತ್ತಾನೆ ನೋಡಿ, ನೌಕರಿ ಮಾಡಿದವರಿಗೆಲ್ಲ ಗೊತ್ತಿರುವ ನಗು ಅದು. ಹೊರಡೋ ಹೊತ್ತಿಗೆ ಮಮ್ಮಿ ಬರುತ್ತದೆ. ಕನ್ನಡಕವಿಲ್ಲದೆ ಎದುರಿಗಿರೋದೇನು ಅಂತಲೂ ಕಾಣದು. ಹಾಸಿಗೆಯ ಬಟ್ಟೆಯಲ್ಲಿ ಸುತ್ತಿ ಕಿಟಕಿಯಿಂದ ಎಸೆದುಬಿಡುತ್ತದೆ. ಸಿನಿಮಾ ಸಾಧಾರಣವೇ. ಉಳಿದ ಸಾವುಗಳು ನನಗೆ ನೆನಪೂ ಇಲ್ಲ.

ಹ್ಯಾಮರ್ ಸೊರಗಿದ ಮೇಲೆ ಟಿವಿ. ಬಿಬಿಸಿಯ 'ಬಟರ್‌ಫ್ಲೈಸ್' ಹಾಸ್ಯ ಧಾರಾವಾಹಿಯಲ್ಲಿ (1978–83) ಕಾರು ಡ್ರೈವರ್ ಥಾಮಸ್. 2000ದಲ್ಲಿ ತೀರಿಕೊಂಡ.

ನೋಡೋ ಮನಸ್ಸಿದ್ದರೆ 'ರೆಪ್ಟೈಲ್'ನಿಂದ ಶುರುಮಾಡಿ. ಹಾವಾಗುವ ಹುಡುಗಿಯ ಮೇಕಪ್ಪು ನೋಡಿ ನಗು ಬಂದರೆ ನಕ್ಕುಬಿಡಿ. ಹೊಸಬನೊಬ್ಬ ಪಬ್ಬಿಗೆ ಕಾಲಿಟ್ಟಾಗ ಊರವರೆಲ್ಲ ಎದ್ದು ಹೋಗುತ್ತಾರೆ, ಖಾಲಿ ಅಂಗಡಿಯಲ್ಲಿ ಗಲ್ಲಾದ ಹಿಂದೆ ಒಬ್ಬ ಉಳಿಯುತ್ತಾನೆ. ಅವನೇ.