ಜಾತ್ರಿ ಸ್ಟೇಜಿನಿಂದ ಸೀರಿಯಲ್ ಸೆಟ್ಟಿಗೆ
ಬಾದಾಮಿ ಬನಶಂಕರಿ ಜಾತ್ರಿಯೊಳಗ ಕಂಪನಿ ನಾಟಕ ಮಾಡಿದವರಿಗೆ ಸೀರಿಯಲ್ ಏನೂ ಕಷ್ಟ ಅಲ್ಲ ಅಂತ ಒಂದು ಲೇಖನದಾಗ ಓದಿದೆ. ಮಾತು ನೆನಪಿಡೂದು, ಟೈಮಿಂಗು, ಇವೆರಡಕ್ಕ ಖರೇ. ದನಿ ಮಾತ್ರ ಬ್ಯಾರೆ. ಟೆಂಟಿನ ಕಡೀ ಸಾಲಿಗೆ ಮುಟ್ಟಸೋ ದನಿ ಕಾಲರ್ ಮೈಕಿಗೆ ಕೊಟ್ರ ಸೌಂಡ್ ಒಡೀತೈತಿ. ಕ್ಲೋಸಪ್‌ನ್ಯಾಗ ಹುಬ್ಬು ಚೂರು ಏರಿದ್ರೂ ಅತಿ ಅನಸ್ತೈತಿ. ನಮ್ಮ ಬಾಗಲಕೋಟಿ ಕಡೆ ಕಲಾವಿದರು ಆಡಿಷನ್‌ನ್ಯಾಗ ಎಡವೂದು ಬಹಳ ಸಲ ಇಲ್ಲೇ.

ಸೀರಿಯಲ್‌ನ್ಯಾಗ ಪಾತ್ರ ಬೇಕಂದ್ರ ಬೆಂಗಳೂರಿನ ಬಸ್ ಹತ್ತೂಕಿಂತ ಮೊದಲ ಆಡಿಷನ್ ವಿಡಿಯೋ ಕಳಸ್ರಿ. ಮೊಬೈಲ್ ಅಡ್ಡ, ಕಣ್ಣಿನ ಮಟ್ಟಕ್ಕ, ಹಿಂದ ಖಾಲಿ ಗೋಡಿ. ಕಿಟಕಿ ಬೆಳಕು ಮುಖಕ್ಕ ಬೀಳಬೇಕು, ಬೆನ್ನಿಗಲ್ಲ. ಫ್ಯಾನ್ ಬಂದ್ ಮಾಡ್ರಿ. ಹೆಸರು, ವಯಸ್ಸು, ಎತ್ತರ ಹೇಳಿ, ಎಡಕ್ಕ ಬಲಕ್ಕ ಮುಖ ತೋರಿಸಿ, ಒಂದು ನಿಮಿಷದ ಸೀನ್ ಸಾಕು. ಎದುರಿನ ಮಾತು ಓದೂವ್ರು ಕ್ಯಾಮೆರಾದ ಮಗ್ಗಲಕ್ಕ ಕುಂದರಬೇಕು. ಫಿಲ್ಟರ್ ಹಾಕಬ್ಯಾಡ್ರಿ.

ಪಾತ್ರ ಸಿಕ್ಕಮ್ಯಾಲೆ ಪಗಾರ ದಿನದ ಲೆಕ್ಕ. ಕಥಿ ಹೊಳ್ಳಿದ್ರ ವಾರಗಟ್ಲೆ ಕರಿಯಂಗಿಲ್ಲ, ರೊಕ್ಕಾನೂ ತಡಾ ಆಗಿ ಬರ್ತೈತಿ. ಅದಕ್ಕ ದಿನಕ್ಕ ಎಷ್ಟು, ತಿಂಗಳಿಗೆ ಕಡಿಮಿ ಅಂದ್ರ ಎಷ್ಟು ದಿನ, ಡಬ್ಬಿಂಗ್ ಅದರಾಗ ಸೇರೈತೋ ಇಲ್ಲೋ, ಬಟ್ಟಿ ಖರ್ಚು ಯಾರದು, ಇಷ್ಟನ್ನ ಬರವಣಿಗಿಯೊಳಗ ತಗೋರಿ. ಸೀನ್ ಅರ್ಧಕ್ಕ ನಿಂತ್ರ ಬಟ್ಟಿ, ಬಳಿ, ವಾಚಿನ ಫೋಟೋ ತಕ್ಕೊಂಡು ಬರ್ರಿ, ಉಳಿದದ್ದು ತಗಿಯೂವಾಗ ಅದೇ ವೇಷ ಬೇಕು. ಆ ಸೀನ್ ಮುಗಿಯೂತನಕ ಕೂದಲ ಕಟಿಂಗ್ ಮಾಡಸಬ್ಯಾಡ್ರಿ.