ಅಶೋಕ್ ಕುಮಾರ್ ನಮ್ಮ ಮನೆಗೇ ಬಂದಿದ್ದ

ಈ ದೇಶದಲ್ಲಿ ಅತಿ ಹೆಚ್ಚು ಸಿನಿಮಾ ಕದ್ದವನ ಹೆಸರು ಅಶೋಕ್ ಕುಮಾರ್. ಹಿಂದಿಯ ಹಳೇ ನಟ ಅಲ್ಲ, ಪಾಪ. ಇವನ ಮುಖ ಯಾರೂ ನೋಡಿಲ್ಲ. ಅಮೆರಿಕದ ಕೋರ್ಟುಗಳು ಗುರುತು ಸಿಗದವನನ್ನು ಜಾನ್ ಡೋ ಎಂದು ಕರೆಯುತ್ತವೆ. ನಮ್ಮ ಕೋರ್ಟುಗಳಲ್ಲಿ ಅವನೇ ಅಶೋಕ್ ಕುಮಾರ್. ಸಿನಿಮಾ ಬಿಡುಗಡೆಗೆ ಮುಂಚೆಯೇ ನಿರ್ಮಾಪಕರು ಹೋಗಿ ಇವನ ಮೇಲೆ ತಡೆಯಾಜ್ಞೆ ತರುತ್ತಾರೆ. ಕೂಸು ಹುಟ್ಟುವ ಮುಂಚೆ ಕುಲಾವಿ ಹೊಲಿಸಿದರು ಅಂತಾರಲ್ಲ, ಇಲ್ಲಿ ಹೆಸರಿಟ್ಟು ತೊಟ್ಟಿಲಿಗೂ ಹಾಕಿಯಾಗಿದೆ.

2012ರಲ್ಲಿ ತಮಿಳಿನ ‘3’ ಚಿತ್ರಕ್ಕೆ ಮದ್ರಾಸ್ ಹೈಕೋರ್ಟ್ ಇಂಥದ್ದೇ ಆದೇಶ ಕೊಟ್ಟಿತು. ಇಂಟರ್ನೆಟ್ ಕಂಪನಿಗಳು ಕದ್ದ ಚಿತ್ರದ ಲಿಂಕ್ ಹುಡುಕುತ್ತಾ ಕೂರಲಿಲ್ಲ. ವಿಮಿಯೋದಂಥ ಇಡೀ ವಿಡಿಯೋ ತಾಣಕ್ಕೇ ಬೀಗ ಜಡಿದವು. ಎತ್ತಿಗೆ ಜ್ವರ, ಎಮ್ಮೆಗೆ ಬರೆ. ಆಮೇಲೆ ಕೋರ್ಟೇ, ‘ಇಡೀ ತಾಣ ಅಲ್ಲ, ಆ ಲಿಂಕ್ ಮಾತ್ರ’ ಎಂದು ಬಿಡಿಸಿ ಹೇಳಬೇಕಾಯಿತು. ಅಶೋಕ್ ಕುಮಾರನಿಗೇನು? ಒಂದು ಬಾಗಿಲು ಮುಚ್ಚಿದರೆ ಹೆಸರಿಗೆ ಒಂದಕ್ಷರ ಸೇರಿಸಿ ಪಕ್ಕದಲ್ಲೇ ಅಂಗಡಿ ತೆರೆಯುತ್ತಾನೆ.

2023ರಲ್ಲಿ ಸಿನಿಮಾಟೋಗ್ರಾಫ್ ಕಾಯ್ದೆಗೆ ತಿದ್ದುಪಡಿ ಬಂತು. ಪೈರಸಿ ಮಾಡಿದರೆ ಮೂರು ತಿಂಗಳಿನಿಂದ ಮೂರು ವರ್ಷ ಜೈಲು. ದಂಡ 3 ಲಕ್ಷದಿಂದ ಶುರು, ಚಿತ್ರದ ನಿರ್ಮಾಣ ವೆಚ್ಚದ ಶೇ 5ರವರೆಗೂ ಏರಬಹುದು. ಅಂದರೆ 100 ಕೋಟಿಯ ಚಿತ್ರ ಕದ್ದರೆ 5 ಕೋಟಿ, ಒಂದು ಕೋಟಿಯದ್ದಾದರೆ ಬರೀ 5 ಲಕ್ಷ. ಲೆಕ್ಕ ಬಲ್ಲ ಕಳ್ಳ ಸಣ್ಣ ಬಜೆಟ್ಟಿನ ಕನ್ನಡ ಚಿತ್ರವನ್ನೇ ಕದಿಯಬೇಕು. ಕದಿಯುತ್ತಿಲ್ಲ! ಎಷ್ಟೋ ನಿರ್ಮಾಪಕರಿಗೆ ಅದೇ ಕೊರಗು. ಥಿಯೇಟರಿಗಂತೂ ಜನ ಬರಲಿಲ್ಲ, ಕೊನೆಗೆ ಕಳ್ಳನಾದರೂ ಬರಬಾರದಿತ್ತೇ?

ಇನ್ನು ನಮ್ಮ ರಾಜ್ಯದ 1985ರ ಗೂಂಡಾ ಕಾಯ್ದೆ. ಅದರ ಉದ್ದ ಹೆಸರಿನಲ್ಲಿ ಕಳ್ಳಭಟ್ಟಿಯವರು, ಜೂಜುಕೋರರ ಜೊತೆಗೆ ವಿಡಿಯೋ, ಆಡಿಯೋ ಪೈರಸಿಯವರಿಗೂ ಜಾಗ ಸಿಕ್ಕಿದೆ. ಆ ಸಾಲಿನಲ್ಲಿ ನನ್ನ ಬಾಮೈದನನ್ನು ನಿಲ್ಲಿಸಿ ನೋಡಿದೆ. ನಗು ಬಂತು.

ಅವನು ಹೀರೋನ ಅಪ್ಪಟ ಅಭಿಮಾನಿ. ಕಟೌಟಿಗೆ ಹಾಲೆರೆದು ಬಂದವನೇ ಸಂಜೆ ನಮ್ಮ ಸೋಫಾದಲ್ಲಿ ಕೂತು, ಅದೇ ಚಿತ್ರವನ್ನು ಫ್ಯಾಮಿಲಿ ಗ್ರೂಪಿಗೆ ಹಾಕಿದ. ಮೇಲಿಂದ ಗೊಣಗಾಟ ಬೇರೆ.

“ಪ್ರಿಂಟ್ ಸರಿಯಿಲ್ಲ ಭಾವ. ಕ್ಲೈಮ್ಯಾಕ್ಸಲ್ಲಿ ಯಾವನೋ ಎದ್ದು ಅಡ್ಡ ಬರ್ತಾನೆ. ಇಷ್ಟು ಕೋಟಿ ಹಾಕ್ತಾರೆ, ಜನ ಹೇಗೆ ನೋಡ್ತಾರೆ ಅಂತ ಯೋಚ್ನೆ ಬೇಡ್ವಾ?”

“ಥಿಯೇಟರಲ್ಲಿ ನೋಡಬಹುದಿತ್ತಲ್ವಾ?”

“ಪಾಪ್‌ಕಾರ್ನ್ ರೇಟ್ ನೋಡಿದ್ದೀರಾ?”

ಪಾಪ್‌ಕಾರ್ನ್ ದುಬಾರಿ, ಅದಕ್ಕೇ ಸಿನಿಮಾ ಕದಿಯೋದು. ಪಾಪ್‌ಕಾರ್ನನ್ನೇ ಯಾಕೆ ಕದಿಯಬಾರದು ಅಂತ ಕೇಳಬೇಕೆನಿಸಿತು. ಹೆಂಡತಿ ಎದುರಿಗಿದ್ದಳು, ಸುಮ್ಮನಾದೆ.

ಹೋದ ವಾರ ಕೆಂಡದಂತೆ ಬಂದ. ಹಾಲೆರೆಯುವಾಗ ತೆಗೆದ ಅವನ ರೀಲ್ಸನ್ನು ಯಾವುದೋ ಪೇಜಿನವರು ಎತ್ತಿ, ತಮ್ಮ ಮುದ್ರೆ ಒತ್ತಿ ಹಾಕಿಕೊಂಡಿದ್ದಾರಂತೆ.

“ಬೆಳಗ್ಗೆ ಐದಕ್ಕೆ ಎದ್ದು, ಮೈಯೆಲ್ಲಾ ಹಾಲು ಮಾಡ್ಕೊಂಡು ತೆಗೆದಿದ್ದು ನಾನು! ಕೇಸ್ ಹಾಕ್ತೀನಿ ಭಾವ. ಆದ್ರೆ ಆ ಪೇಜಲ್ಲಿ ಹೆಸರೇ ಇಲ್ಲ. ಯಾರ ಮೇಲೆ ಅಂತ ಬರೀಲಿ?”

ಪೆನ್ನು ಕೊಟ್ಟು ಹೇಳಿದೆ: “ಅಶೋಕ್ ಕುಮಾರ್ ಅಂತ ಬರಿ.”